ಸಗಣಿ ನೀರಿನ ಮಾತು

ಮೊಮ್ಮಕ್ಕಳೇ, ನಿಮ್ಮಲ್ಲಿ ದೊಡ್ಡವಳು ಒಮ್ಮೆ ನನ್ನನ್ನು ಕೇಳಿದ್ದಳು: "ಆಯಿ, ಹಿರೇ ಆಯಿ ಯಾಕ ರೊಟ್ಟಿ ಆರೂತನಕ ತಾಟಿನ ಮುಂದ ಸುಮ್ನ ಕುಂಡ್ರತಿದ್ಲು?"

ಅವಳಿಗೆ ಹಲ್ಲಿರಲಿಲ್ಲ, ಬಿಸಿ ತಾಳುತ್ತಿರಲಿಲ್ಲ ಎಂದು ಆಗ ಹೇಳಿಬಿಟ್ಟೆ. ಅದು ಸುಳ್ಳು. ನಿಮ್ಮ ಹಿರೇ ಆಯಿ, ಅಂದರೆ ನನ್ನ ಅತ್ತೆ, ಸಾಯುವವರೆಗೂ ಹುರಿದ ಶೇಂಗಾ ಕಡಿಯುತ್ತಿದ್ದಳು. ನಿಜವನ್ನು ಬಾಯಿಂದ ಹೇಳಲು ನನಗೆ ಬರುವುದಿಲ್ಲ. ನಾಲ್ಕು ಜನರ ಮುಂದೆ ಮಾತಾಡಬೇಕೆಂದರೆ ಈಗಲೂ ಸೆರಗು ಬಾಯಿಗೆ ಹೋಗುತ್ತದೆ. ಬಬಲೇಶ್ವರದ ಸಾಲೆಯಲ್ಲಿ ಏಳನೇ ಇಯತ್ತೆಯವರೆಗೆ ಕಲಿತಿದ್ದೇನೆ, ಅಕ್ಷರ ದುಂಡಗಿವೆ ಎಂದು ಮಾಸ್ತರು ಹೊಗಳುತ್ತಿದ್ದರು. ಆದ್ದರಿಂದ ಬರೆದಿಡುತ್ತೇನೆ. ನೀವು ದೊಡ್ಡವರಾದ ಮೇಲೆ ಓದಿರಿ.

ನಿಮ್ಮ ಮುತ್ಯಾನನ್ನು, ಅಂದರೆ ನನ್ನ ಗಂಡನನ್ನು, ನಾನು ವಿಷ ಹಾಕಿ ಕೊಂದೆ ಎಂದು ನನ್ನ ಮೇಲೆ ಕೇಸಾಗಿತ್ತು. ಇದನ್ನು ನಿಮಗೆ ಹೊರಗಿನವರು ಹೇಳುವ ಮೊದಲು ನಾನೇ ಹೇಳಬೇಕು.

ತಿಕೋಟಾದ ನಮ್ಮ ತೋಟದಲ್ಲಿ ದ್ರಾಕ್ಷಿ ಇತ್ತು. ಮುತ್ಯಾ ಮತ್ತು ಅವನ ಅಣ್ಣ, ಅಂದರೆ ನನ್ನ ಭಾವ, ಇಬ್ಬರೂ ಕೂಡಿಯೇ ಒಣದ್ರಾಕ್ಷಿ ಶೆಡ್ಡು ಕಟ್ಟಿದ್ದರು. ಶೆಡ್ಡು ನಿಂತದ್ದು ನಮ್ಮ ಪಾಲಿನ ಜಾಗದಲ್ಲಿ. ಆ ಸುಗ್ಗಿಯಲ್ಲಿ ಭಾವನಿಗೆ ಅದು ಪೂರ್ತಿ ತನ್ನದಾಗಬೇಕೆನ್ನಿಸಿತು. ಮುತ್ಯಾ ಮೊದಲ ಸಲ ಅಣ್ಣನಿಗೆ ಇಲ್ಲ ಎಂದ. ಭಾವ ಕಾಲಲ್ಲಿದ್ದ ಚಪ್ಪಲಿ ತೆಗೆದು, ಕೂಲಿಯವರೆಲ್ಲ ನೋಡುತ್ತಿರುವಾಗ ತಮ್ಮನ ಮುಖಕ್ಕೆ ಹೊಡೆದ. ಮುತ್ಯಾನಿಗೆ ಆಗಲೇ ತಲೆ ನೆರೆತಿತ್ತು, ಮನೆಗೆ ಸೊಸೆ ಬಂದಿದ್ದಳು, ನೀವಿಬ್ಬರೂ ಹುಟ್ಟಿದ್ದಿರಿ. ಅತ್ತೆ ಶೆಡ್ಡಿನ ಬಾಗಿಲಲ್ಲಿ ಕುಳಿತು ದ್ರಾಕ್ಷಿಯ ಕಡ್ಡಿ ಬಿಡಿಸುತ್ತಿದ್ದಳು. ಕೈ ನಿಲ್ಲಿಸದೆ ಅಂದಳಂತೆ: "ಹಿರಿಯಾಂವ ಹೊಡದ್ರ ಏನಾತು? ಅಪ್ಪ ಹೊಡದಂಗ. ಹೋಗು, ಕೆಲಸ ನೋಡು."

ನಾನು ಅಲ್ಲಿರಲಿಲ್ಲ. ತೋಟದ ಮನೆಯಲ್ಲಿ ರೊಟ್ಟಿ ಬಡಿಯುತ್ತಿದ್ದೆ. ಇದೆಲ್ಲ ನನಗೆ ಗೊತ್ತಾದದ್ದು ಆಮೇಲೆ. ಗಲಾಟೆ ಕೇಳಿ ಹಿಟ್ಟಿನ ಕೈಯಲ್ಲೇ ಓಡಿದಾಗ ಮುತ್ಯಾ ಪಂಪಿನ ಖೋಲಿಯ ಮುಂದೆ ಅಡ್ಡ ಬಿದ್ದಿದ್ದ. ಬಾಯಲ್ಲಿ ನೊರೆ. ದ್ರಾಕ್ಷಿಗೆ ಹೊಡೆಯುವ ಔಷಧದ ವಾಸನೆ ಮೂಗಿಗೆ ಬಡಿಯಿತು. ಅತ್ತೆ ಎದೆ ಬಡಿದುಕೊಳ್ಳುತ್ತ ಪಕ್ಕದಲ್ಲಿ ಕುಳಿತಿದ್ದಳು.

ನಮ್ಮ ಕಡೆ ಯಾರಾದರೂ ವಿಷ ತೆಗೆದುಕೊಂಡರೆ ಮೊದಲು ಏನು ಮಾಡುತ್ತಾರೋ ಅದನ್ನೇ ನಾನೂ ಮಾಡಿದೆ. ಕೊಟ್ಟಿಗೆಯಿಂದ ಹಸಿ ಸಗಣಿ ತಂದು, ಚಂಬಿನ ನೀರಿನಲ್ಲಿ ಕಲೆಸಿ, ಮೂಗು ಹಿಡಿದು ಬಾಯಿಗೆ ಸುರಿದೆ. ವಾಂತಿ ಆದರೆ ವಿಷ ಹೊರಗೆ ಬರುತ್ತದೆ ಎಂದು ಸಣ್ಣವಳಿದ್ದಾಗಿನಿಂದ ನೋಡಿದ್ದೆ. ಅವನು ಕೊಸರಾಡಿದ. ನನ್ನ ಬೆರಳು ಕಚ್ಚಿದ. ಆ ಗಾಯದ ಗುರುತು ನೀವು ಎಷ್ಟೋ ಸಲ ಹಿಡಿದು ನೋಡಿದ್ದೀರಿ, ಕುಡುಗೋಲು ತಾಗಿದ್ದು ಎಂದು ಹೇಳಿದ್ದೆ. ಅಷ್ಟರಲ್ಲಿ ಕನಮಡಿಯಿಂದ ಕೂಲಿಗೆ ಬಂದಿದ್ದ ಗಂಡ ಹೆಂಡತಿ ಬಾವಿಯ ಕಡೆಯಿಂದ ಓಡಿ ಬಂದರು. ಅವರು ಕಂಡದ್ದು ಇಷ್ಟೇ: ನಾನು ಗಂಡನ ಎದೆಯ ಮೇಲೆ ಮೊಣಕಾಲು ಊರಿ, ಮೂಗು ಒತ್ತಿ ಹಿಡಿದು, ಚಂಬಿನಿಂದ ಏನನ್ನೋ ಬಾಯಿಗೆ ಸುರಿಯುತ್ತಿದ್ದೇನೆ, ಅವನು ಬೇಡ ಬೇಡವೆಂದು ಕೈಕಾಲು ಬಡಿಯುತ್ತಿದ್ದಾನೆ.

ಟೆಂಪೋದಲ್ಲಿ ಹಾಕಿಕೊಂಡು ತಿಕೋಟಾದ ದವಾಖಾನೆಗೆ ಒಯ್ದೆವು. ಡಾಕ್ಟರು ಬಾಯಿ ನೋಡಿ ನನ್ನ ಮೇಲೆ ರೇಗಿದರು. "ಸಗಣಿ ಕುಡಸಬ್ಯಾಡ್ರಿ ಅಂತ ಎಷ್ಟ ಸಲ ಹೇಳೂದು ನಿಮಗ? ಅದು ಪುಪ್ಪಸಕ್ಕ ಇಳದ್ರ ವಿಷಕ್ಕಿಂತ ಮೊದಲ ಅದ ಕೊಲ್ಲತೈತಿ." ಅದನ್ನೇ ಒಂದು ಚೀಟಿಯಲ್ಲಿ ಬರೆದು ವಿಜಯಪುರದ ದೊಡ್ಡ ದವಾಖಾನೆಗೆ ಕಳಿಸಿದರು. ಅಲ್ಲಿ ಮರುದಿನ ಮುತ್ಯಾ ಹೋದ. ಡಾಕ್ಟರು ಹೇಳಿದಂತೆ ನನ್ನ ಸಗಣಿ ನೀರು ಅವನನ್ನು ಬೇಗ ಒಯ್ದಿತೋ ಇಲ್ಲವೋ ನನಗೆ ತಿಳಿಯದು. ಕೊಯ್ದು ನೋಡಿದ ಡಾಕ್ಟರು ವಿಷದಿಂದ ಸತ್ತಿದ್ದಾನೆ ಎಂದಷ್ಟೇ ಬರೆದರು. ನೀವು ಮಾತ್ರ ಯಾರಿಗೂ ಎಂದೂ ಹಾಗೆ ಕುಡಿಸಬೇಡಿ. ಎತ್ತಿಕೊಂಡು ದವಾಖಾನೆಗೆ ಓಡಿರಿ.

ಹೆಣ ಊರಿಗೆ ಬರುವ ಮೊದಲೇ ಭಾವ ಪೊಲೀಸ್ ಠಾಣೆಗೆ ಹೋಗಿದ್ದ. ತಮ್ಮ ವಿಷ ಯಾಕೆ ಕುಡಿದ ಎಂದು ಪೊಲೀಸರು ಕೇಳಿದರೆ ಚಪ್ಪಲಿಯ ಮಾತು ಹೊರಗೆ ಬರುತ್ತದೆ. ಅವನು ತಾನೇ ಕುಡಿಯಲಿಲ್ಲ, ಹೆಂಡತಿ ಕುಡಿಸಿದಳು ಎಂದರೆ ಆ ಪ್ರಶ್ನೆಯೇ ಹುಟ್ಟುವುದಿಲ್ಲ. ಆಸ್ತಿಯನ್ನು ಮಗನ ಹೆಸರಿಗೆ ಮಾಡಿಕೊಡು ಎಂದು ನಾನು ದಿನಾ ಜಗಳವಾಡುತ್ತಿದ್ದೆನೆಂದೂ ಬರೆಸಿದ. ಕನಮಡಿಯ ಗಂಡ ಹೆಂಡತಿ ಕಂಡದ್ದನ್ನು ಹೇಳಿದರು, ಅವರು ಸುಳ್ಳು ಹೇಳಲಿಲ್ಲ. ಅತ್ತೆಯೂ ನನ್ನ ವಿರುದ್ಧ ಸಾಕ್ಷಿಯಾದಳು. ಅವಳು ಏನು ಲೆಕ್ಕ ಹಾಕಿದಳೆಂದು ನನಗೆ ಗೊತ್ತು. ಹೋದ ಮಗ ಹೋದ, ಇದ್ದವನನ್ನು ಉಳಿಸಿಕೊಳ್ಳಬೇಕು. ನಡುವೆ ಸಿಕ್ಕವಳು ಹೊರಗಿನಿಂದ ಬಂದವಳು.

ನನ್ನನ್ನು ಹಿಡಿದುಕೊಂಡು ಹೋದಾಗ ನೀವು ಬಾಗಿಲಲ್ಲಿ ನಿಂತಿದ್ದಿರಿ. ಸಣ್ಣವನು ಜೀಪು ನೋಡಿ ಖುಷಿಯಿಂದ ಕೈ ಬೀಸಿದ. ಠಾಣೆಯಲ್ಲಿ ಸಾಹೇಬರು ಕೇಳಿದಾಗ ನನ್ನ ಬಾಯಿಂದ ಮಾತೇ ಹೊರಡಲಿಲ್ಲ. ಸೆರಗು ಕಚ್ಚಿಕೊಂಡು ನಿಂತೆ. "ಮಾಡಿದಾಕಿ ಹಿಂಗ ಸುಮ್ನಿರತಾಳ" ಎಂದು ಒಬ್ಬ ಪೊಲೀಸ್ ಇನ್ನೊಬ್ಬನಿಗೆ ಹೇಳಿ ನಕ್ಕ.

ಜೈಲಿನ ವಿಷಯ ಬರೆಯುವುದಿಲ್ಲ. ಜಾಮೀನು ಸಿಕ್ಕು ಹೊರಗೆ ಬಂದ ಮೇಲೆ ನಿಮ್ಮ ಅಪ್ಪ ನನ್ನನ್ನು, ತೋಟ ಬಿಟ್ಟು ಬಂದು ಹಿಡಿದಿದ್ದ ವಿಜಯಪುರದ ಅಥಣಿ ರಸ್ತೆಯ ಬಾಡಿಗೆ ಮನೆಗೆ ಕರೆದುಕೊಂಡು ಬಂದ. ಅವನಿಗೆ ಆಗ ಗಾಂಧಿ ಚೌಕದ ಬಟ್ಟೆ ಅಂಗಡಿಯಲ್ಲಿ ಕೆಲಸ. ನಿಮ್ಮ ತಾಯಿ ಬಾಗಿಲಲ್ಲೇ ನಿಂತು, ನನ್ನನ್ನು ನೋಡದೆ ಅವನಿಗೆ ಹೇಳಿದಳು: "ಅತ್ತಿ ಇರಲಿ, ಬ್ಯಾಡನ್ನೂದಿಲ್ಲ. ಕೋರ್ಟಿಂದು ಮುಗಿಯೂತನಕ ಅಡಗಿಮನಿಗೆ ಬರೂದು ಬ್ಯಾಡ. ಮಕ್ಕಳಿಗೆ ಅಕಿ ಕೈಲೆ ಏನೂ ಕೊಡೂದು ಬ್ಯಾಡ."

ನಿಮ್ಮ ಅಪ್ಪ ತುಟಿ ಬಿಚ್ಚಲಿಲ್ಲ. ಅವನೂ ನನ್ನ ಹಾಗೆಯೇ.

ನೀವು ಹುಟ್ಟಿದ ಮೇಲೆ ನಿಮಗೆ ಮೊದಲ ತುತ್ತು ತಿನ್ನಿಸಿದವಳು ನಾನು. ಈಗ ನೀರು ಕೊಡಬೇಕಾದರೂ ನಿಮ್ಮ ತಾಯಿ ಬರಬೇಕು. ಒಂದು ದಿನ ಸಣ್ಣವನು ಹಸಿವೆಂದು ಬಂದು ತೊಡೆ ಏರಿದ. ಪಕ್ಕದ ಮನೆಯವರು ಕೊಟ್ಟ ಎಳ್ಳಿನ ಉಂಡಿ ನನ್ನ ಸೆರಗಿನಲ್ಲಿತ್ತು. ಮುರಿದು ಬಾಯಿಗಿಟ್ಟೆ. ನಿಮ್ಮ ತಾಯಿ ಎಲ್ಲಿಂದ ಕಂಡಳೋ, ಓಡಿ ಬಂದು ಮಗುವಿನ ದವಡೆ ಹಿಡಿದು, ಬಾಯೊಳಗೆ ಬೆರಳು ಹಾಕಿ ಉಂಡಿಯನ್ನು ಕೆದರಿ ಕೆದರಿ ತೆಗೆದಳು. ಅವನು ವಾಂತಿ ಮಾಡಿಕೊಂಡ. ನಾನೇ ನೆಲ ಒರೆಸಿದೆ. ಅವಳನ್ನು ದೂರುತ್ತಿಲ್ಲ. ಅವಳ ಜಾಗದಲ್ಲಿ ನಾನಿದ್ದರೂ ಹಾಗೇ ಮಾಡುತ್ತಿದ್ದೆ. ಆದರೆ ಆ ಹೊತ್ತು ನಾನು ದೇವರಲ್ಲಿ ಬೇಡಿಕೊಂಡದ್ದು ಜೈಲು ತಪ್ಪಲಿ ಎಂದಲ್ಲ. ಇವರಿಬ್ಬರಿಗೆ ನನ್ನ ಕೈಯಿಂದ ಒಂದು ತುತ್ತು ಕೊಡುವಂತಾಗಲಿ ಎಂದು.

ಕೇಸು ತಿಕೋಟಾದ ಕಡೆಯಿಂದ ವಿಜಯಪುರದ ದೊಡ್ಡ ಕೋರ್ಟಿಗೆ ಬಂತು. ನಿಮ್ಮ ಅಪ್ಪ ಹಿಡಿದ ವಕೀಲ ಇನ್ನೂ ಹುಡುಗ. ಗಾಂಧಿ ಚೌಕದ ಹಿಂದಿನ ಓಣಿಯಲ್ಲಿ, ಪಾತ್ರೆ ಅಂಗಡಿಯ ಮೇಲೆ ಅವನ ಆಫೀಸು. ಕೆಳಗೆ ಪಾತ್ರೆ ಬಡಿಯುವ ಸದ್ದಿಗೆ ಅವನು ಕೂಗಿ ಮಾತಾಡಬೇಕಾಗುತ್ತಿತ್ತು.

"ಯವ್ವಾ, ಕೇಸು ಚಾಲೂ ಆಗೂಕಿಂತ ಮೊದಲ ಒಂದು ತಾರೀಖು ಐತಿ. ಅವತ್ತ ಜಡ್ಜ್ ಸಾಹೇಬ್ರು ನೀವು ಮಾಡೀರೋ ಇಲ್ಲೋ ಅಂತ ನೋಡೂದಿಲ್ಲ. ಪೊಲೀಸ್ರು ಕೊಟ್ಟ ಕಾಗದದಾಗ ಇದ್ದದ್ದೆಲ್ಲಾ ಖರೇ ಅಂತ ಹಿಡದ್ರೂ ಕೇಸು ನಿಲ್ಲತೈತೋ ಇಲ್ಲೋ, ಅಷ್ಟ ನೋಡತಾರ. ನಿಲ್ಲೂದಿಲ್ಲ ಅಂದ್ರ ಅಲ್ಲೇ ಬಿಡತಾರ. ನಿಲ್ಲತೈತಿ ಅಂದ್ರ ಆರೋಪ ಓದಿ ಹೇಳತಾರ, ಮುಂದ ಸಾಕ್ಷಿ, ವಿಚಾರಣಿ, ವರ್ಷಗಟ್ಟಲೆ."

"ಸುಳ್ಳು ಬರದಿದ್ರ?" ನಾನು ನೆಲ ನೋಡುತ್ತ ಕೇಳಿದೆ.

"ಸುಳ್ಳಿದ್ರೂ ಅವತ್ತಿಗೆ ಅದು ಖರೇನ. ಸುಳ್ಳು ಅಂತ ತೋರಸೂದು ಆಮ್ಯಾಲ."

ನಿಮ್ಮ ಅಪ್ಪ ಕಿಸೆಯಿಂದ ತಿಕೋಟಾದ ಡಾಕ್ಟರ ಚೀಟಿ ತೆಗೆದು ಮುಂದಿಟ್ಟ. ಸಗಣಿ ನೀರು ಕುಡಿಸಿದ್ದಾರೆ ಎಂದು ಅದರಲ್ಲಿ ಬರೆದಿತ್ತು. ವಕೀಲ ಅದನ್ನು ಓದಿ ವಾಪಸು ಕೊಟ್ಟ. "ಇದು ನಮ್ಮ ಕಾಗದ. ಪೊಲೀಸ್ರು ಇದನ್ನ ತಮ್ಮ ಕಾಗದದಾಗ ಹಚ್ಚಿಲ್ಲ. ಅವತ್ತ ನಮ್ಮ ಕಾಗದಕ್ಕ ಕಿಮ್ಮತ್ತಿಲ್ಲ ಅಣ್ಣಾರ. ಅವರ ಕಾಗದದಾಗ ಇದ್ದದ್ದರಿಂದನ ನಾವು ಉಳೀಬೇಕು."

"ಅವರ ಕಾಗದದಾಗ ನಮ್ಮ ಪರ ಯಾರ ಬರೀತಾರ್ರಿ?" ಎಂದ ನಿಮ್ಮ ಅಪ್ಪ.

ವಕೀಲ ಪೊಲೀಸರ ಕಾಗದದ ಕಟ್ಟು ಬಿಚ್ಚಿ ಓದುತ್ತ ಕುಳಿತ.

ನನಗೆ ಆ ಮಾತು ಶೆಡ್ಡಿನ ಬಾಗಿಲ ಕೆಲಸದ ಹಾಗೆ ಕಂಡಿತು. ಗೊನೆಗಳನ್ನು ಜಾಳಿಗೆಯ ಮೇಲೆ ಒಣಹಾಕುವ ಮೊದಲು ಹೆಂಗಸರು ಬಾಗಿಲಲ್ಲಿ ಕುಳಿತು ಆರಿಸುತ್ತಾರೆ. ಸಿಹಿಯೋ ಹುಳಿಯೋ ಎಂದು ಅಲ್ಲಿ ಯಾರೂ ತಿಂದು ನೋಡುವುದಿಲ್ಲ. ಒಳಗೆ ಒಯ್ಯಲು ಬರುತ್ತದೆಯೋ ಇಲ್ಲವೋ, ಅಷ್ಟೇ. ಒಳಗೆ ಹೋದದ್ದು ಎಷ್ಟು ದಿನ ಒಣಗುತ್ತ ಬಿದ್ದಿರುತ್ತದೆ ಎಂಬುದು ಬಾಗಿಲಲ್ಲಿ ಕುಳಿತವರ ಚಿಂತೆ ಅಲ್ಲ.

ತಾರೀಖಿನ ದಿನ ಬೆಳಿಗ್ಗೆ ನಿಮ್ಮ ತಾಯಿ ನನಗೆ ಚಹಾ ಕೊಟ್ಟು ಹೇಳಿದಳು: "ಇವತ್ತ ಕೇಸು ನಡೀಬೇಕು ಅಂತ ಆದ್ರ, ನಾ ಮಕ್ಕಳನ್ನ ಕರಕೊಂಡು ತವರಿಗೆ ಹೊಕ್ಕೀನಿ ಅತ್ತಿ. ವರ್ಷಗಟ್ಟಲೆ ಹಿಂಗ ಕಾಯ್ಕೋತ ಕುಂಡ್ರಾಕ ನನ್ನ ಕೈಲೆ ಆಗೂದಿಲ್ಲ." ಅವಳು ಬಯ್ಯಲಿಲ್ಲ. ಮೆತ್ತಗೇ ಹೇಳಿದಳು. ನೀವಿಬ್ಬರೂ ಇನ್ನೂ ಮಲಗಿದ್ದಿರಿ. ಮುಟ್ಟದೆ ನೋಡಿ ಹೊರಟೆ.

ಕೋರ್ಟಿನಲ್ಲಿ ಜವಾನ ನನ್ನ ಹೆಸರು ಕೂಗಿದ. ಅಷ್ಟು ಜೋರಾಗಿ ನನ್ನ ಹೆಸರನ್ನು ಅದಕ್ಕೂ ಮೊದಲು ಯಾರೂ ಕೂಗಿರಲಿಲ್ಲ. ಕಟಕಟೆಯಲ್ಲಿ ನಿಂತೆ. ಹಿಂದಿನ ಬೆಂಚಿನಲ್ಲಿ ಭಾವ ಅತ್ತೆಯನ್ನು ಪಕ್ಕದಲ್ಲಿ ಕೂರಿಸಿಕೊಂಡಿದ್ದ. ಅವಳನ್ನು ಯಾರೂ ಕರೆದಿರಲಿಲ್ಲ. ನಾನು ಒಳಗೆ ಹೋಗುವುದನ್ನು ಕಣ್ಣಾರೆ ನೋಡಲು ಹೊಸ ಇಳಕಲ್ ಸೀರೆ ಉಟ್ಟು ಬಂದಿದ್ದಳು.

ಸರಕಾರಿ ವಕೀಲರು ಹೇಳಿದ್ದು ಬಹಳ ಸರಳವಾಗಿತ್ತು. ಮನುಷ್ಯ ವಿಷದಿಂದ ಸತ್ತಿದ್ದಾನೆ. ಹೆಂಡತಿ ಅವನ ಎದೆಯ ಮೇಲೆ ಕುಳಿತು ಬಾಯಿಗೆ ಸುರಿದದ್ದನ್ನು ಇಬ್ಬರು ಕಂಡಿದ್ದಾರೆ. ಆಸ್ತಿಯ ಜಗಳವಿತ್ತು ಎಂದು ಅಣ್ಣ ಹೇಳಿದ್ದಾನೆ. ಈ ಹಂತಕ್ಕೆ ಬಲವಾದ ಸಂಶಯ ಸಾಕು, ಇನ್ನೇನು ಬೇಕು? ಕೇಳುತ್ತ ನಿಂತಾಗ, ಆ ಹೆಂಗಸು ಮಾಡಿಯೇ ಇದ್ದಾಳೆ ಎಂದು ನನಗೂ ಅನ್ನಿಸಿತು.

ನಮ್ಮ ವಕೀಲ ಎದ್ದು ಹೇಳಿದ: "ಸ್ವಾಮಿ, ನಾನು ನನ್ನದೇನೂ ಹೇಳುವುದಿಲ್ಲ. ಅವರದೇ ಸಾಕ್ಷಿ, ಸತ್ತವನ ತಾಯಿ, ಪೊಲೀಸರ ಮುಂದೆ ಕೊಟ್ಟ ಹೇಳಿಕೆ ಓದುತ್ತೇನೆ."

ಪೊಲೀಸರು ಬರೆದುಕೊಂಡದ್ದು ಹೀಗಿತ್ತು: "ನಾನು ಓಡಿ ಹೋಗಿ ನೋಡಲಾಗಿ ನನ್ನ ಮಗನು ಪಂಪಿನ ಖೋಲಿಯ ಮುಂದೆ ಬಿದ್ದು, ಬಾಯಿಯಿಂದ ನೊರೆ ಬರುತ್ತಿದ್ದು, ಔಷಧದ ವಾಸನೆ ಹೊಡೆಯುತ್ತಿತ್ತು. ಆ ಮೇಲೆ ನನ್ನ ಸೊಸೆಯು ಮನೆಯ ಕಡೆಯಿಂದ ಓಡಿ ಬಂದು, ಕೊಟ್ಟಿಗೆಯ ಸಗಣಿ ತಂದು ನೀರಲ್ಲಿ ಕಲೆಸಿ, ನಾನು ಬೇಡವೆಂದರೂ ಕೇಳದೆ ಮೂಗು ಹಿಡಿದು ಕುಡಿಸಿದಳು. ಸಾಯುವ ಮನುಷ್ಯನ ಬಾಯಿಗೆ ಸಗಣಿ ಹಾಕಿದ ಇಂಥವಳು ಏನು ಮಾಡಲಿಕ್ಕೂ ಹೇಸುವವಳಲ್ಲ."

ಅತ್ತೆ ನನ್ನ ಮಾನ ಕಳೆಯಲೆಂದೇ ಅದನ್ನು ಹೇಳಿ ಬರೆಸಿದ್ದಳು. ಅವಳ ಮಡಿವಂತಿಕೆ ಊರಿಗೇ ಗೊತ್ತು. ಮಗನ ಬಾಯಿಗೆ ಸೊಸೆ ಸಗಣಿ ಹಾಕಿದ್ದು ಅವಳಿಗೆ ವಿಷಕ್ಕಿಂತ ಹೊಲಸಾಗಿ ಕಂಡಿತ್ತು. ಭಾವ ಹೇಳಿಕೊಟ್ಟ ಮಾತಿನಲ್ಲಿ ಸಗಣಿ ಇರಲಿಲ್ಲ. ಅದು ಅವಳದೇ ಹೊಟ್ಟೆಯ ಉರಿ.

ಜಡ್ಜ್ ಸಾಹೇಬರು ಕನ್ನಡಕದ ಮೇಲಿಂದ ಸರಕಾರಿ ವಕೀಲರನ್ನು ನೋಡಿದರು. "ಈಕೆ ನಿಮ್ಮ ಸಾಕ್ಷಿ ತಾನೇ?"

"ಹೌದು ಸ್ವಾಮಿ."

"ಈಕೆ ಹೇಳಿದ್ದು ಖರೆ ಎಂದು ನೀವೇ ಹೇಳುತ್ತೀರಿ. ಹಾಗಾದರೆ ಆರೋಪಿ ಬರುವ ಮೊದಲೇ ಸತ್ತವನ ಬಾಯಲ್ಲಿ ನೊರೆ ಇತ್ತು, ಔಷಧದ ವಾಸನೆ ಇತ್ತು. ಚಂಬಿನಲ್ಲಿ ಇದ್ದದ್ದು ಸಗಣಿ ನೀರು. ಕೂಲಿಯವರು ನೋಡಿದ ಚಂಬು ಇದೇ ಅಲ್ಲವೇ?"

"ಇರಬಹುದು ಸ್ವಾಮಿ, ಅದನ್ನು ವಿಚಾರಣೆಯಲ್ಲಿ..."

"ವಿಷ ಇವಳು ಕೊಟ್ಟಳು ಎನ್ನಲು ನಿಮ್ಮ ಕಾಗದದಲ್ಲಿ ಬೇರೆ ಏನಿದೆ? ಒಂದು ಸಾಲು ತೋರಿಸಿ. ಜಗಳ ಇತ್ತು ಅಂದರೆ ಸಾಲದು. ಈ ಜಿಲ್ಲೆಯಲ್ಲಿ ಸಗಣಿ ನೀರನ್ನು ಯಾತಕ್ಕೆ ಕುಡಿಸುತ್ತಾರೆ ಅಂತ ನನಗೂ ಗೊತ್ತು, ನಿಮಗೂ ಗೊತ್ತು."

ಸರಕಾರಿ ವಕೀಲರು ಹಾಳೆ ತಿರುವಿದರು. ಮತ್ತೆ ಹಿಂದಕ್ಕೆ ತಿರುವಿದರು. ಆ ಸಾಲು ಸಿಗಲಿಲ್ಲ. ಸಾಹೇಬರು ಆದೇಶಕ್ಕೆ ಮುಂದಿನ ತಾರೀಖು ಕೊಟ್ಟರು. ಆ ತಾರೀಖಿನವರೆಗೆ ತವರಿಗೆ ಹೋಗುವುದಿಲ್ಲ ಎಂದು ನಿಮ್ಮ ತಾಯಿ ಒಪ್ಪಿದಳು.

ಹೊರಗಿನ ವರಾಂಡದಲ್ಲಿ ಭಾವ ತಾಯಿಯ ತೋಳು ಹಿಡಿದು ಗೋಡೆಗೆ ಒತ್ತಿದ್ದ. ಹಾದು ಹೋಗುವವರೆಲ್ಲ ನೋಡುತ್ತಿದ್ದರು.

"ಸಗಣಿ ಮಾತು ಯಾಂವ ಹೇಳಂದಿದ್ದ ನಿನಗ? ಹೇಳಿಕೊಟ್ಟಷ್ಟ ಒದರಿ ಸುಮ್ನಿರಾಕ ಬರೂದಿಲ್ಲೇನ ಮುದುಕಿ?"

"ಅಕಿ ಮಾನ ಕಳೀಬೇಕಂತ ಹೇಳಿದ್ನೋ ಯಪ್ಪಾ! ಅಕಿಗೆ ಹಿಂಗ ಅನುಕೂಲ ಆಗತೈತಿ ಅಂತ ನನಗೇನ ಗೊತ್ತು?"

"ನನ್ನ ಕುತಗಿಗೆ ತಂದಿ. ಈಗ ಪೊಲೀಸ್ರು ನನ್ನ ಕಡೆ ತಿರಗತಾರ."

ಅತ್ತೆ ನನ್ನನ್ನು ಕಂಡಳು. ಸಹಾಯ ಕೇಳುವವಳ ಹಾಗೆ ನೋಡಿದಳು. ನಾನು ತಲೆಯ ಸೆರಗು ಸರಿಮಾಡಿಕೊಂಡು ಮೆಟ್ಟಿಲು ಇಳಿದೆ.

ಮುಂದಿನ ತಾರೀಖಿಗೆ ಆದೇಶ ಬಂತು. ಕಾಗದದಲ್ಲಿ ಇದ್ದದ್ದನ್ನೆಲ್ಲ ಹಾಗೆಯೇ ಒಪ್ಪಿದರೂ ಈ ಹೆಂಗಸಿನ ಮೇಲೆ ಕೇಸು ನಡೆಸಲು ಆಧಾರವಿಲ್ಲ, ಬಿಡಲಾಗಿದೆ. ಕಟಕಟೆಯಲ್ಲಿ ನಿಂತ ನನ್ನನ್ನು ಯಾರೂ ಏನೂ ಕೇಳಲಿಲ್ಲ. ಕೇಳಿದ್ದರೆ ಈ ಸಲ ಹೇಳಬೇಕೆಂದು ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡು ಬಂದಿದ್ದೆ. "ಇಳೀರಿ" ಎಂದ ಜವಾನ.

ಮನೆಗೆ ಬಂದು ನಿಮ್ಮ ಅಪ್ಪ ಪೇಢಾ ಹಂಚಿದ. ನಿಮ್ಮ ತಾಯಿ ಪೇಢಾ ಕೈಯಲ್ಲಿ ಹಿಡಿದುಕೊಂಡೇ ಕೇಳಿದಳು: "ಕೇಸು ನಡಿಸಿ ಬಿಟ್ಟಿಲ್ಲಲ್ಲ. ನಡಸದನ ಬಿಟ್ಟಾರ. ಅತ್ತಿ ಮಾಡಿಲ್ಲ ಅಂತ ಜಡ್ಜ್ ಎಲ್ಲಿ ಹೇಳ್ಯಾನ?"

ಅವಳ ಮಾತಿನಲ್ಲಿ ತಪ್ಪಿರಲಿಲ್ಲ. ಹಾಗೆಂದು ಯಾರೂ ಹೇಳಿರಲಿಲ್ಲ. ಈವರೆಗೂ ಹೇಳಿಲ್ಲ. ಅಡಿಗೆಮನೆಯ ಬಾಗಿಲು ನನಗೆ ತೆರೆದದ್ದು ಆದೇಶದಿಂದಲ್ಲ, ನಿಮ್ಮ ತಾಯಿಗೆ ಬಂದ ಡೆಂಗಿ ಜ್ವರದಿಂದ. ಅವಳು ಏಳಲಾರದೆ ಮಲಗಿದ್ದಳು. ನೀವು ಹಸಿದು ಅಳುತ್ತಿದ್ದಿರಿ. ನಾನು ಒಲೆ ಹಚ್ಚಿದೆ. ಅವಳು ಹಾಸಿಗೆಯಿಂದಲೇ ನಿಮ್ಮ ಬಾಯಿಗಳನ್ನು ನೋಡುತ್ತಿದ್ದಳು, ಬೇಡ ಎನ್ನಲಿಲ್ಲ. ಜೋಳದ ರೊಟ್ಟಿಯನ್ನು ಹಾಲಿನಲ್ಲಿ ಮುರಿದು ಕಲೆಸಿ ತಿನ್ನಿಸಿದೆ. ದೊಡ್ಡವಳು ಇನ್ನೊಂದು ಬೇಕೆಂದಳು. ಎದ್ದ ಮೇಲೂ ನಿಮ್ಮ ತಾಯಿ ಆ ಮಾತು ತೆಗೆಯಲಿಲ್ಲ.

ಇನ್ನು ಹಿರೇ ಆಯಿಯ ತಟ್ಟೆ. ಪೊಲೀಸರು ಚಪ್ಪಲಿಯ ಸಂಗತಿಯನ್ನು ಕೆದಕಲು ಹೋಗಲಿಲ್ಲ. ಆದರೆ ಭಾವ ಹೆದರಿಕೊಂಡೇ ಇದ್ದ, ಆ ಹೆದರಿಕೆಯನ್ನೆಲ್ಲ ಮುದುಕಿಯ ಮೇಲೆ ತೀರಿಸಿಕೊಂಡ. ಮೊದಲು ದನದ ಕೊಟ್ಟಿಗೆಯ ಪಕ್ಕಕ್ಕೆ ಹಾಕಿದ. ಆಮೇಲೆ ಒಂದು ಮಧ್ಯಾಹ್ನ ಬಟ್ಟೆಯ ಗಂಟಿನ ಜೊತೆ ಅಥಣಿ ರಸ್ತೆಯ ಬಸ್ ಸ್ಟಾಪಿನಲ್ಲಿ ಇಳಿಸಿ ಹೋದ. ಕೇಳಿಕೊಂಡು ಕೇಳಿಕೊಂಡು ನಮ್ಮ ಬಾಗಿಲಿಗೆ ಬಂದಳು. ನಿಮ್ಮ ಅಪ್ಪ ಒಳಗೆ ಕರೆದ. ಅವನ ಆಯಿ, ಕರೆಯಲೇಬೇಕು.

ನಾನು ತಟ್ಟೆ ಹಾಕಿದೆ. ಬಿಸಿ ರೊಟ್ಟಿ, ಬದನೆಕಾಯಿ ಪಲ್ಯ, ಶೇಂಗಾ ಹಿಂಡಿ, ಮೇಲೆ ಮೊಸರು. ಅವಳು ಕೈ ತೊಳೆದು ಕುಳಿತಳು. ಕೈ ತಟ್ಟೆಯ ಹತ್ತಿರ ಹೋಗಿ ನಿಂತಿತು. ನನ್ನ ಮುಖ ನೋಡಿದಳು, ಪಲ್ಯ ನೋಡಿದಳು. ಬೆಳಿಗ್ಗೆಯಿಂದ ಏನೂ ತಿಂದಿರಲಿಲ್ಲ, ತುಟಿ ಒಣಗಿತ್ತು.

"ನಿಂದಾತೇನ ಬೇ ಊಟ?" ಎಂದಳು.

"ಇಲ್ಲ."

"ನೀನೂ ಕುಂಡ್ರು ಜೋಡೀಲೆ. ಇದರಾಗಿಂದ ಒಂದು ತುತ್ತು ತಗೋ."

ಅವಳು ಏನು ಕೇಳುತ್ತಿದ್ದಾಳೆಂದು ನನಗೆ ಗೊತ್ತಾಯಿತು. ತಾನೇ ಊರಿಗೆಲ್ಲ ಸಾರಿದ್ದು ಈಗ ಅವಳ ಗಂಟಲಲ್ಲಿ ನಿಂತಿತ್ತು. ಸೊಸೆ ವಿಷ ಹಾಕುವವಳಲ್ಲ ಎಂದು ಜಗತ್ತಿನಲ್ಲಿ ಎಲ್ಲರಿಗಿಂತ ಚೆನ್ನಾಗಿ ಬಲ್ಲವಳು ಅವಳೇ. ಆದರೂ ಹೆದರಿದಳು. ನನಗೇನು ಮಾಡಿದ್ದಾಳೆಂಬುದೂ ಅವಳಿಗೇ ಗೊತ್ತಿತ್ತಲ್ಲ. ಒಂದು ತುತ್ತು ಮುರಿದು ಬಾಯಿಗೆ ಹಾಕಿಕೊಂಡಿದ್ದರೆ ಅಲ್ಲಿಗೇ ಮುಗಿಯುತ್ತಿತ್ತು.

"ನನಗ ಹಸಿವಿಲ್ಲ ಅತ್ತಿ" ಎಂದು ಎದ್ದು ಕೈ ತೊಳೆದುಕೊಂಡೆ.

ನೀವು ಸಾಲೆಯಿಂದ ಬಂದು ಅದೇ ಪಾತ್ರೆಯ ಪಲ್ಯ ತಿನ್ನುವವರೆಗೂ ಅವಳು ತಟ್ಟೆಯ ಮುಂದೆ ಕುಳಿತೇ ಇದ್ದಳು. ನೀವು ತಿಂದು ಆಟಕ್ಕೆ ಓಡಿದ ಮೇಲೆ ಆರಿದ ರೊಟ್ಟಿ ಮುರಿದಳು. ಅಂದಿನಿಂದ ಅವಳು ನಮ್ಮ ಮನೆಯಲ್ಲಿ ಇದ್ದಷ್ಟು ದಿನವೂ ಹಾಗೆಯೇ ನಡೆಯಿತು. ಮೊದಲು ನಿಮಗೆ ಬಡಿಸಿದ್ದರೆ ಅವಳು ಬಿಸಿಯಾಗಿ ಉಣ್ಣುತ್ತಿದ್ದಳು. ಅದಕ್ಕೇ ನಾನು ಪ್ರತಿ ಹೊತ್ತೂ ಮೊದಲು ಅವಳಿಗೇ ಬಡಿಸಿದೆ. ಹಿರಿಯರಿಗೆ ಮೊದಲು ಹಾಕುವ ಸೊಸೆ ಎಂದು ಓಣಿಯವರು ಹೊಗಳುತ್ತಿದ್ದರು. ಅವಳು ಕೇಳಿಸಿಕೊಂಡು ತಲೆ ತಗ್ಗಿಸುತ್ತಿದ್ದಳು, ರೊಟ್ಟಿ ಆರುತ್ತಿತ್ತು.